ಬಾಗಿಲು ಹೊತ್ತವನ ಮನೆ

"ನಾಳೆ ನಿಮ್ಮಪ್ಪನ ಗುಂಡಿಗೆ ಎಷ್ಟು ಹೊತ್ತಿಗೆ ಹೋಗೋದು?"

ಮುಂದಿನ ಸೀಟಿನಿಂದ ಕತ್ತು ಹೊರಳಿಸಿ ವಾಲ್ದಿರ್ ಕೇಳಿದಾಗ ವ್ಯಾನು ಕೊನೆಯ ತಿರುವು ಏರುತ್ತಿತ್ತು. ಜುಲ್ಮೀರ ಕೇಳಿಸದವಳಂತೆ ಹಿಂದಕ್ಕೆ ತಿರುಗಿ ಪ್ರವಾಸಿಗರಿಗೆ ಕಿಟಕಿಯ ಹೊರಗೆ ಕೈ ತೋರಿಸಿದಳು. ಅಲ್ಲಿ ತೋರಿಸುವಂಥದ್ದು ಏನೂ ಇರಲಿಲ್ಲ, ಒಂದು ಆಡು ನಿಂತಿತ್ತು ಅಷ್ಟೇ. ಫ್ರಾನ್ಸಿನಿಂದ ಬಂದವರು ಪಾಪ, ಅದರ ಫೋಟೋವನ್ನೂ ತೆಗೆದುಕೊಂಡರು.

"ನಿನ್ನನ್ನೇ ಕೇಳಿದ್ದು."

"ಪಿಕು ಬೆಟ್ಟ ಇಳಿದು ಊಟ ಆದ್ಮೇಲೆ," ಎಂದಳು ಜುಲ್ಮೀರ.

"ಮನೇಲಿ ಹೇಳಿದೀಯ ತಾನೆ?"

"ಹೇಳಿದೀನಿ."

ಹೇಳಿರಲಿಲ್ಲ. ಹೇಳದೆ ತಿಂಗಳ ಮೇಲಾಗಿತ್ತು. ವಾಲ್ದಿರ್ ಪ್ರವಾಸ ಕಚೇರಿಯ ಯಜಮಾನನ ಸೋದರಳಿಯ. ಕೆಳಗೆ ಸಾವ್ ಫಿಲಿಪ್ ಪಟ್ಟಣದಲ್ಲಿ ಅವಳನ್ನು ಕೂರಿಸಿಕೊಂಡು ನಯವಾಗಿಯೇ ಮಾತಾಡಿದ್ದ. ಲಾವಾದಡಿ ಹೂತುಹೋದ ತನ್ನ ಮನೆಯನ್ನು ಹಾರೆ ಹಿಡಿದು ಒಬ್ಬನೇ ಅಗೆಯುತ್ತಿರುವ ಮುದುಕ! ಇಂಥದ್ದು ಯಾವ ದ್ವೀಪದಲ್ಲಿದೆ ಹೇಳು? ಪ್ರವಾಸದ ಮೂರನೆಯ ದಿನಕ್ಕೆ ಅದನ್ನು ಸೇರಿಸಿಬಿಟ್ಟರೆ ಮೇಲೆ ಅವಳೂರಿರುವ ಶಾಂ ಬಯಲಿಗೆ ಬರುವ ಗುಂಪುಗಳೆಲ್ಲ ವರ್ಷವಿಡೀ ಅವಳವೇ. ಆಗದು ಎಂದರೆ ಬೇರೆ ಗೈಡುಗಳೂ ಇದ್ದಾರೆ, ಅವರ ಅಪ್ಪಂದಿರೂ ಏನಾದರೊಂದು ಮಾಡುತ್ತಿರುತ್ತಾರೆ. ಜುಲ್ಮೀರ ಆಗಲಿ ಎಂದಿದ್ದಳು.

ತಿರುವು ಮುಗಿದು ಬಯಲು ತೆರೆದುಕೊಂಡಿತು. ಸುತ್ತ ಬಂಡೆಯ ಗೋಡೆ, ನಡುವೆ ಪಿಕು, ಅದರ ಕಾಲಬುಡದಿಂದ ಊರಿನವರೆಗೆ ಕಪ್ಪು ಲಾವಾ. ಪ್ರವಾಸಿಗರು ಉಸಿರೆಳೆದುಕೊಂಡರು. ಇಲ್ಲಿ ಎಲ್ಲರೂ ಉಸಿರೆಳೆದುಕೊಳ್ಳುತ್ತಾರೆ, ಅವಳಿಗೆ ಅದು ಅಭ್ಯಾಸವಾಗಿತ್ತು. ಬಾಯಿಪಾಠ ಶುರುಮಾಡಿದಳು: ಕೊನೆಯ ಸಲ ಬೆಟ್ಟ ಒಡೆದಾಗ ಲಾವಾ ಓಡಿ ಬರಲಿಲ್ಲ, ಮೇದು ಬರುವ ದನದ ಹಾಗೆ ನಿಧಾನ ಬಂತು. ಜನರಿಗೆ ಸಾಮಾನು ಸಾಗಿಸಲು ಹೊತ್ತು ಸಿಕ್ಕಿತು. ಮರ ಬೆಳೆಯದ ಊರಲ್ಲಿ ಮರವೇ ಆಸ್ತಿ. ಹಾಸಿಗೆ ಪಾತ್ರೆ ಆದಮೇಲೆ ಎಲ್ಲರೂ ಬಾಗಿಲು ಕಿಟಕಿಗಳನ್ನು ಕಿತ್ತು ಹೊತ್ತುಕೊಂಡು ಹೋದರು. ಆಮೇಲೆ ಹಿಂದಿರುಗಿ ಅದೇ ಲಾವಾದ ಮೇಲೆ ಹೊಸ ಮನೆ ಕಟ್ಟಿದರು. ಈಗ ನೋಡಿ, ಮನೆ ಹೊಸದು, ಬಾಗಿಲು ಮಾತ್ರ ಅಜ್ಜನ ಕಾಲದ್ದು.

"ಎಷ್ಟು ಚೆಂದ!" ಎಂದಳು ಓದಿಲ್ ಎಂಬ ಹೆಂಗಸು. ನಿವೃತ್ತ ಶಾಲಾ ಶಿಕ್ಷಕಿ. ಮೊದಲ ದಿನದಿಂದಲೂ ಒಂದು ಮಾತನ್ನೂ ಬಿಡದೆ ಕೇಳಿಸಿಕೊಳ್ಳುತ್ತಿದ್ದವಳು ಅವಳೊಬ್ಬಳೇ.

ಗುಂಪನ್ನು ವಸತಿಗೆ ಸೇರಿಸಿ ಜುಲ್ಮೀರ ಮನೆಗೆ ನಡೆದಳು. ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡಳು. ಅಪ್ಪಾ, ನಾಳೆ ನಾಲ್ಕು ಜನ ಸುಮ್ಮನೆ ನೋಡಿಕೊಂಡು ಹೋಗ್ತಾರೆ. ಅಲ್ಲ, ಅಪ್ಪಾ, ನಿನ್ನ ಕೆಲಸ ನೋಡಿ ಅವರಿಗೆ ಆಶ್ಚರ್ಯ. ಅದೂ ಅಲ್ಲ. ಯಾವ ಮಾತು ಜೋಡಿಸಿದರೂ ಎರಡು ಹೆಜ್ಜೆಗೆ ಬಿಚ್ಚಿಹೋಗುತ್ತಿತ್ತು.

ಊರಿನಲ್ಲಿ ಬಾಗಿಲಿಲ್ಲದ ಮನೆ ಅವರದೊಂದೇ. ಬಾಗಿಲ ಜಾಗದಲ್ಲಿ ಹೂವಿನ ಚಿತ್ರದ ಪರದೆ ಇಳಿಬಿಟ್ಟಿತ್ತು. ಗಾಳಿ ಬಂದಾಗ ಅದು ಒಳಗೆ ಉಬ್ಬಿ, ಬೂದಿ ತುಂಬಿದ ಗಾಳಿ ಸಾರಿನ ಪಾತ್ರೆಯವರೆಗೂ ಬರುತ್ತಿತ್ತು. ಅವಳ ಅವ್ವ ಇದಾಲಿನ ಒಲೆಯ ಮುಂದೆ ಕೂತು ಅವರೆ ಬಿಡಿಸುತ್ತಿದ್ದಳು.

"ಬಂದ್ಯಾ? ನಿಮ್ಮಪ್ಪನಿಗೆ ಹೇಳು, ಕಚೂಪದ ಊಟ ಆರಿಹೋಗ್ತಾ ಇದೆ ಅಂತ."

ಅಪ್ಪ ತೊಲೆಂತಿನು ಅಲ್ಲೇ, ಗೋಡೆಯ ಆಚೆ ಕೈ ತೊಳೆಯುತ್ತಿದ್ದ. ಕಿವಿ ಚೆನ್ನಾಗಿಯೇ ಇತ್ತು. ಆದರೆ ಹಳೆಯ ಮನೆ ಹೋದ ದಿನದಿಂದ ಇದಾಲಿನ ತನ್ನ ಗಂಡನೊಡನೆ ನೇರ ಮಾತಾಡಿದವಳಲ್ಲ. ಹೇಳಬೇಕಾದ್ದನ್ನು ಮಗಳಿಗೆ, ಮಗಳಿಲ್ಲದಾಗ ಕೋಳಿಗೆ ಹೇಳುತ್ತಿದ್ದಳು. ಕೋಳಿಗೆ ಹೇಳುವಾಗ ದನಿ ಇನ್ನೂ ಸ್ವಲ್ಪ ಜೋರಿರುತ್ತಿತ್ತು.

ಅದಕ್ಕೊಂದು ಹಿನ್ನೆಲೆಯಿತ್ತು, ಊರಿಗೆಲ್ಲ ಗೊತ್ತಿದ್ದದ್ದು. ಮನೆ ಹೋದದ್ದಕ್ಕೂ ಹಿಂದಿನ ಸಲ ಬೆಟ್ಟ ಒಡೆದಾಗ ತೊಲೆಂತಿನು ಹೊಸದಾಗಿ ಮದುವೆಯಾದವನು. ಮಾವ ಹಡಗಿನ ಹಲಗೆಯಿಂದ ಮಾಡಿಕೊಟ್ಟ ಬಾಗಿಲನ್ನು ಎಲ್ಲರಿಗಿಂತ ಮೊದಲು ಕಿತ್ತು, ಬೆನ್ನ ಮೇಲೆ ಹೊತ್ತು ಬೆಟ್ಟ ಇಳಿದಿದ್ದ. ಲಾವಾ ಊರಿನ ಹತ್ತಿರವೂ ಬರಲಿಲ್ಲ. ಬೇರೆ ಕಡೆಗೆ ತಿರುಗಿ ಹೋಯಿತು. ಬಾಗಿಲು ಹೊತ್ತುಕೊಂಡು ಮತ್ತೆ ಬೆಟ್ಟ ಹತ್ತಿ ಬಂದವನನ್ನು ನೋಡಿ ಊರು ಬಿದ್ದು ಬಿದ್ದು ನಕ್ಕಿತು. ಅಂದಿನಿಂದ ಅವನು ಬಾಗಿಲು ಹೊತ್ತ ತೊಲೆಂತಿನು. ಮಕ್ಕಳಿಗೂ ಅದೇ ಹೆಸರು ಅಂಟಿಕೊಂಡಿತು. ಶಾಲೆಯಲ್ಲಿ ಜುಲ್ಮೀರ ಬಾಗಿಲು ಹೊತ್ತವನ ಮಗಳು. ಹಾಗಾಗಿ ಮುಂದಿನ ಸಲ, ಇಡೀ ಊರು ಬಾಗಿಲು ಕೀಳುತ್ತಿದ್ದಾಗ, ತೊಲೆಂತಿನು ಬಾಗಿಲಿಗೆ ಬೀಗ ಹಾಕಿ ಕೈ ಕಟ್ಟಿ ನಿಂತ. "ಶಾಲೆ ಹತ್ರ ನಿಲ್ಲುತ್ತೆ ನೋಡ್ತಿರಿ," ಎಂದ. ಇದಾಲಿನ ಸುತ್ತಿಗೆ ಹಿಡಿದು ಬೇಡಿಕೊಂಡಳು, ಅತ್ತಳು, ಕೊನೆಗೆ ಬೈದಳು. ಲಾವಾ ಶಾಲೆಯನ್ನು ತಿಂದು ಮುಂದೆ ಬಂತು.

ತೊಲೆಂತಿನು ಒಳಗೆ ಬಂದು ಕೂತ. ರೆಪ್ಪೆಯ ಮೇಲೂ ಕಪ್ಪು ಪುಡಿ.

"ಬಾಗಿಲ ಮೇಲಿನ ಕಲ್ಲು ಸಿಕ್ತು," ಎಂದ ಮಗಳಿಗೆ. "ಇನ್ನೇನು, ಬಾಗಿಲು ಕೈಗೆ ಸಿಗೋ ಹಾಗಿದೆ."

"ನಿಮ್ಮಪ್ಪನಿಗೆ ಹೇಳು, ಇದ್ದಿಲು ಬೇಕಾದ್ರೆ ನನ್ನ ಒಲೇಲೇ ಇದೆ ಅಂತ."

"ಅಪ್ಪಾ," ಎಂದಳು ಜುಲ್ಮೀರ. ಅವನು ತಲೆಯೆತ್ತಿ ನೋಡಿದ. ಅವನ ಕಣ್ಣಲ್ಲಿ ಒಂದು ಖುಷಿಯಿತ್ತು, ಮಕ್ಕಳ ಖುಷಿಯಂಥದ್ದು. "ಏನಿಲ್ಲ, ಉಪ್ಪು ಕೊಡು," ಎಂದಳು.

ಮರುದಿನ ಗುಂಪಿನೊಡನೆ ಪಿಕು ಹತ್ತುವಾಗ ಅವಳ ಕಾಲು ನಿಲ್ಲಲಿಲ್ಲ. ಪ್ರವಾಸಿಗರು ಏದುಸಿರು ಬಿಡುತ್ತ ಹಿಂದುಳಿದರು, ಒಬ್ಬ ಗಂಡಸು, "ಇದೇನು ಪಂದ್ಯವೇ ಅಮ್ಮಾ?" ಎಂದು ಕೂಗಿದ. ಅವಳು ನಿಂತಳು, ಎರಡು ನಿಮಿಷಕ್ಕೆ ಮತ್ತೆ ಅದೇ ಓಟ. ಬೇಗ ಹತ್ತಿದರೆ ಬೇಗ ಇಳಿಯಬೇಕಾಗುತ್ತದೆ, ಬೇಗ ಇಳಿದರೆ ಗುಂಡಿ ಬೇಗ ಬರುತ್ತದೆ ಎಂದು ತಿಳಿದಿದ್ದರೂ ನಿಧಾನ ಮಾಡಲಾಗಲಿಲ್ಲ. ತುದಿಯಲ್ಲಿ ಎಲ್ಲರೂ ಕುಳಿಯೊಳಗೆ ಇಣುಕುತ್ತಿದ್ದಾಗ ಅವಳು ಕೆಳಗೆ, ಲಾವಾದ ನಡುವೆ ಸಾಸಿವೆ ಕಾಳಿನಷ್ಟು ಕಾಣುವ ಗುಂಡಿಯನ್ನೇ ನೋಡುತ್ತಿದ್ದಳು. ಇಂದು ಅಪ್ಪ ಮೈ ಸರಿಯಿಲ್ಲದೆ ಮನೆಯಲ್ಲೇ ಉಳಿದಿರಲಿ ಎಂದು ಬಯಸಿದಳು. ಹಾಗೆ ಬಯಸಿದ್ದಕ್ಕೆ ತನ್ನ ಮೇಲೆಯೇ ಸಿಟ್ಟು ಬಂತು.

ಅವನು ಮನೆಯಲ್ಲಿ ಉಳಿದಿರಲಿಲ್ಲ. ಇಳಿಹೊತ್ತಿಗೆ ಗುಂಪು ಲಾವಾದ ಮೇಲೆ ಎಡವುತ್ತ ಬಂದಾಗ ಹಾರೆಯ ಸದ್ದು ಕೇಳುತ್ತಿತ್ತು. ಇದಾಲಿನಳೂ ಅಲ್ಲಿದ್ದಳು. ಗಂಡನಿಗೆ ಗಿಣ್ಣು ರೊಟ್ಟಿ ತಂದು, ಬುತ್ತಿಯನ್ನು ಗುಂಡಿಯ ಅಂಚಿನಲ್ಲಿಟ್ಟು, ಅವನಿಗೆ ಬೆನ್ನು ಮಾಡಿ ಕೂತಿದ್ದಳು. ದಿನಾ ಹಾಗೆಯೇ ಮಾಡುತ್ತಿದ್ದಳು.

"ನಮಸ್ಕಾರ ದೊಡ್ಡಪ್ಪ!" ವಾಲ್ದಿರ್ ಗುಂಡಿಯೊಳಗೆ ಬಗ್ಗಿ ಕೂಗಿದ. "ಬಂದೇಬಿಟ್ವಿ ನೋಡಿ. ಇನ್ಮೇಲೆ ವಾರ ವಾರ ಬರ್ತೀವಿ. ನಿಮ್ಮ ಮಗಳು ಎಲ್ಲಾ ಹೇಳಿದಾಳಲ್ಲ?"

ತೊಲೆಂತಿನು ತಲೆಯೆತ್ತಿದ. ಅಂಚಿನ ಸುತ್ತ ಸಾಲಾಗಿ ನಿಂತ ಬಣ್ಣದ ಅಂಗಿಗಳನ್ನು, ಕ್ಯಾಮೆರಾಗಳನ್ನು ನೋಡಿ, ಕೊನೆಗೆ ಮಗಳನ್ನು ನೋಡಿದ. ಬೈದಿದ್ದರೆ ಚೆನ್ನಾಗಿತ್ತು. ಅವನು ಟೋಪಿ ತೆಗೆದು, ಹೊಗಳಿಕೆಗೂ ಅವಮಾನಕ್ಕೂ ಬಡವರು ಮಾಡುವ ಹಾಗೆ ಒಮ್ಮೆ ತಲೆ ಬಾಗಿಸಿದ.

ಅವನ ಬೆನ್ನ ಹಿಂದೆ ಬಾಗಿಲ ಮೇಲಿನ ಕಲ್ಲು ಕಾಣುತ್ತಿತ್ತು. ಅದರ ಕೆಳಗೆ ಬಾಗಿಲಿರಬೇಕಾದಲ್ಲಿ ಕಪ್ಪು ಕಲ್ಲು ಗಟ್ಟಿಯಾಗಿ ತುಂಬಿಕೊಂಡಿತ್ತು, ಅಂಚಿಗೆ ಬೆರಳಗಲದ ಇದ್ದಿಲಿನ ಗೆರೆ. ಬಾಗಿಲು ತಿರುಗುತ್ತಿದ್ದ ಒಂದು ಕಬ್ಬಿಣದ ಕೀಲು ಮಾತ್ರ ಗೋಡೆಗೆ ಕಚ್ಚಿಕೊಂಡು, ಹಿಡಿಯಲು ಏನೂ ಇಲ್ಲದೆ ಹೊರಗೆ ಚಾಚಿತ್ತು.

ಓದಿಲ್ ಜುಲ್ಮೀರಳ ತೋಳು ಮುಟ್ಟಿದಳು. "ಒಂದು ಮಾತು ಕೇಳು ಅವರನ್ನ. ಲಾವಾ ನಿಧಾನ ಬಂತು, ಎಲ್ಲರೂ ಬಾಗಿಲು ತಗೊಂಡು ಹೋದರು ಅಂದೆಯಲ್ಲ. ಇವರು ಯಾಕೆ ತಗೊಳ್ಳಲಿಲ್ಲ?"

ಪಾಠ ಚೆನ್ನಾಗಿ ಒಪ್ಪಿಸಿದ್ದಕ್ಕೆ ಸಿಕ್ಕ ಬಹುಮಾನ ಇದು. ಜುಲ್ಮೀರ ಗುಂಡಿಯ ಕಡೆ ತಿರುಗಿದಳು. "ಅಪ್ಪಾ, ಕೆಳಗೆ ಇನ್ನೂ ಬಿಸಿ ಇದೆಯಾ ಅಂತ ಕೇಳ್ತಿದಾರೆ."

"ಅಯ್ಯೋ, ಅವರು ಕೇಳಿದ್ದು ಅದಲ್ಲ," ಎಂದು ನಕ್ಕ ವಾಲ್ದಿರ್. ಫ್ರೆಂಚ್ ಅವನಿಗೂ ಬರುತ್ತಿತ್ತು. "ಊರೆಲ್ಲ ಬಾಗಿಲು ಕಿತ್ಕೊಂಡು ಹೋದಾಗ ನೀವು ಯಾಕೆ ಬಿಟ್ರಿ ಅಂತ, ದೊಡ್ಡಪ್ಪ."

ತೊಲೆಂತಿನು ಹಾರೆಯ ಹಿಡಿಯನ್ನು ಅಂಗೈಯಿಂದ ಒರೆಸಿದ, ಮತ್ತೆ ಒರೆಸಿದ. ಪ್ರವಾಸಿಗರು ಮರ್ಯಾದೆಯಿಂದ ಕಾಯುತ್ತಿದ್ದರು. ಒಬ್ಬ ಕ್ಯಾಮೆರಾ ಎತ್ತಿದ.

"ನಾನೇ ಬೇಡ ಅಂದೆ."

ಇದಾಲಿನ ಎದ್ದು ನಿಂತಿದ್ದಳು. ಸೆರಗಿನಂತೆ ಹೊದ್ದ ಬಟ್ಟೆಯನ್ನು ತಲೆಯ ಮೇಲೆಳೆದುಕೊಂಡು, ಮಾರುಕಟ್ಟೆಯಲ್ಲಿ ಬೆಲೆ ಹೇಳುವವಳ ಹಾಗೆ ಗಟ್ಟಿಯಾಗಿ ಹೇಳಿದಳು. "ಇವರು ಕೀಳೋಕೆ ಹೊರಟಿದ್ರು, ಸುತ್ತಿಗೆನೂ ತಂದಿದ್ರು. ನಾನು ಅಡ್ಡ ನಿಂತೆ. ಬಾಗಿಲು ಕಿತ್ತು ಮನೆ ಬಿಟ್ಟು ಹೋಗೋದು ಅಂದ್ರೆ ಸತ್ತವರ ಮೈಮೇಲಿನ ಬಟ್ಟೆ ಕಿತ್ಕೊಂಡು ಹೋದ ಹಾಗೆ. ನಮ್ಮಪ್ಪ ಮಾಡಿದ ಬಾಗಿಲು, ನನ್ನ ಮನೆ, ಮುಚ್ಕೊಂಡೇ ಹೋಗ್ಲಿ ಅಂದೆ. ಇವರು ನನ್ನ ಮಾತು ಮೀರಲಿಲ್ಲ. ಏನೇ, ಸುಮ್ನೆ ನಿಂತಿದೀಯಲ್ಲ, ಹೇಳು ಅವರಿಗೆ."

ಜುಲ್ಮೀರ ಹೇಳಿದಳು. ಸುತ್ತಿಗೆ, ಬಟ್ಟೆ, ನಮ್ಮಪ್ಪ ಮಾಡಿದ ಬಾಗಿಲು, ಒಂದು ಮಾತೂ ಬಿಡದೆ ಹೇಳಿದಳು. ಸುತ್ತಿಗೆ ಯಾರ ಕೈಯಲ್ಲಿತ್ತೆಂದು ಅವಳಿಗೆ ಗೊತ್ತಿತ್ತು. ಅಂದು ಅವಳೂ ಪಕ್ಕದಲ್ಲಿ ಕೋಳಿಯ ಬುಟ್ಟಿ ಹಿಡಿದು ನಿಂತಿದ್ದಳು. ದನಿ ನಡುಗಿತು, ಪ್ರವಾಸಿಗರು ಅದನ್ನು ದುಃಖವೆಂದುಕೊಂಡರು. ಓದಿಲ್ ಇದಾಲಿನಳ ಕೈಯನ್ನು ತನ್ನೆರಡು ಕೈಯಲ್ಲೂ ಹಿಡಿದುಕೊಂಡಳು.

"ಇವಳಿಗೆ ಹೇಳು, ಕೈ ಬಿಡು ಅಂತ. ನನ್ನ ಕೈಯೆಲ್ಲ ಗಿಣ್ಣಿನ ಜಿಡ್ಡು," ಎಂದಳು ಇದಾಲಿನ.

ಗುಂಡಿಯೊಳಗೆ ತೊಲೆಂತಿನು ಹೆಂಡತಿಯನ್ನೇ ನೋಡುತ್ತಿದ್ದ. ಆಮೇಲೆ ಅವರೆಲ್ಲರಿಗೂ ಬೆನ್ನು ತಿರುಗಿಸಿ, ಹಾರೆಯ ತುದಿಯನ್ನು ಕೀಲಿನ ಹಿಂದೆ ಕೊಟ್ಟು ಮೀಟತೊಡಗಿದ. ವಾಲ್ದಿರ್ ಖುಷಿಯಿಂದ, "ನೋಡಿ, ಕೆಲಸ ಶುರು!" ಎಂದ. ಕ್ಯಾಮೆರಾಗಳು ಎದ್ದವು. ಜುಲ್ಮೀರ ಎರಡೂ ಕೈ ಚಾಚಿ ಅವರ ಮುಂದೆ ನಿಂತಳು.

"ಸಾಕು," ಎಂದಳು. "ಇವತ್ತಿಗೆ ಮುಗೀತು. ನಡೀರಿ."

ಆ ರಾತ್ರಿ ಅವಳು ಗುಂಪಿನೊಡನೆ ವಸತಿಯಲ್ಲೇ ಉಳಿದಳು. ಮನೆಗೆ ಹೋಗಿ ಅಪ್ಪನ ಮುಖ ನೋಡುವ ಧೈರ್ಯವಾಗಲಿಲ್ಲ.

ಬೆಳಗ್ಗೆ ಗುಂಪು ಬಯಲಿನಾಚೆಯ ಕಾಡಿನ ದಾರಿ ಹಿಡಿದು ಕಾಫಿ ತೋಟಗಳ ಕಡೆಗೆ ಇಳಿಯಬೇಕಿತ್ತು. ಆ ದಾರಿ ಅವರ ಮನೆಯ ಮುಂದೆಯೇ ಹಾಯುತ್ತದೆ. ವಾಲ್ದಿರ್ ಹೆಜ್ಜೆಗೆ ಹೆಜ್ಜೆ ಹಾಕುತ್ತ ಪಕ್ಕದಲ್ಲೇ ಬರುತ್ತಿದ್ದ.

"ನಿಮ್ಮಮ್ಮ ಹೇಳಿದ ಕಥೆ ಇದೆಯಲ್ಲ, ಅಬ್ಬಾ! ಓದಿಲ್ ಮೇಡಂ ಅತ್ತೇಬಿಟ್ರು. ಮುಂದಿನ ವಾರ ಅಮ್ಮನ್ನೂ ಸರಿಯಾಗಿ ಅಲ್ಲೇ ಕೂರಿಸು."

"ಮುಂದಿನ ವಾರ ಅಲ್ಲಿ ಯಾರೂ ಇರಲ್ಲ."

"ಅಂದ್ರೆ?"

ಅದು ಜುಲ್ಮೀರಳಿಗೂ ಗೊತ್ತಿರಲಿಲ್ಲ, ಬಾಯಿಂದ ಬಂದುಬಿಟ್ಟಿತ್ತು. ಅಷ್ಟರಲ್ಲಿ ಮನೆ ಕಂಡಿತು.

ಪರದೆ ಕಾಣಲಿಲ್ಲ. ಅದನ್ನು ಒಗೆದು ಅಂಗಳದ ಕಲ್ಲುಗೋಡೆಯ ಮೇಲೆ ಹರವಿದ್ದರು. ಪಕ್ಕದಲ್ಲಿ ಒಂದು ತಗಡಿನ ತಟ್ಟೆಯಲ್ಲಿ ಎಣ್ಣೆ, ಎಣ್ಣೆಯಲ್ಲಿ ಮುಳುಗಿದ ಕೀಲು. ತೊಲೆಂತಿನು ಬಾಗಿಲ ಜಾಗದಲ್ಲಿ ಮೊಣಕಾಲೂರಿ, ಅಳತೆ ತೆಗೆಯಲು ದ್ರಾಕ್ಷಿ ಬಳ್ಳಿ ಕಟ್ಟುವ ದಾರದ ಒಂದು ತುದಿಯನ್ನು ಹೊಸ್ತಿಲಿಗೆ ಒತ್ತಿ ಹಿಡಿದಿದ್ದ. ಇನ್ನೊಂದು ತುದಿ ಇದಾಲಿನಳ ಕೈಯಲ್ಲಿ. ತುದಿಗಾಲ ಮೇಲೆ ನಿಂತರೂ ಅವಳಿಗೆ ಮೇಲಿನ ಕಲ್ಲು ಎಟುಕುತ್ತಿರಲಿಲ್ಲ.

"ಹಾಗಾದ್ರೆ ಸೋಮವಾರದ ಗುಂಪಿಗೆ ಏನು ತೋರಿಸ್ತೀಯ?" ವಾಲ್ದಿರ್ ದನಿಯಲ್ಲಿ ನಗು ಇಂಗಿತ್ತು.

"ಅಷ್ಟು ದೊಡ್ಡ ಬೆಟ್ಟ ಇದೆಯಲ್ಲ," ಎಂದಳು ಜುಲ್ಮೀರ. "ಸಾಲಲ್ಲ ಅಂದ್ರೆ ಬೇರೆ ಗೈಡ್ ನೋಡ್ಕೊ."

ಅವಳು ಗುಂಪನ್ನು ಮನೆಯ ಮುಂದೆ ನಿಲ್ಲಿಸಲಿಲ್ಲ. ಓದಿಲ್ ಕೈಬೀಸಿದಳು, ಅತ್ತ ಯಾರೂ ನೋಡಲಿಲ್ಲ. ಅಂಗಳ ದಾಟಿ ಮುಂದೆ ಹೋಗುವಾಗ ಅವ್ವನ ದನಿ ಕೇಳಿತು. ಮಗಳಿಗೆ ಹೇಳಿದ್ದಿರಬೇಕೆಂದು ಜುಲ್ಮೀರ ಅಭ್ಯಾಸಬಲದಿಂದ ತಿರುಗಿದಳು.

"ಎದ್ದು ಈ ತುದಿ ನೀವು ಹಿಡ್ಕೊಳ್ರಿ," ಎನ್ನುತ್ತಿದ್ದಳು ಇದಾಲಿನ. "ನನಗೆ ಎಟುಕಲ್ಲ."

ತೊಲೆಂತಿನು ಎದ್ದ. ಕೋಳಿಯೊಂದು ಹೊಸ್ತಿಲ ಮೇಲೆ ಬಿದ್ದ ದಾರವನ್ನು ಕುಕ್ಕಿ ನೋಡಿ, ಒಳಗೆ ನಡೆಯಿತು.