ಸಿಟ್ಟಿನ ದೇವರ ಬೀದಿ

“ಬಿಡೋ ಚಪ್ಪಲೀನ! ಬಿಡೋ ಅಂದ್ರೆ, ಬೋಳಿಮಗನೆ! ಗೆಸ್ಟುಗಳು ಬಸ್ಸಿಂದ ಇಳೀತಾ ಇದ್ದಾರೆ, ನೀನು ಮದುವೆ ಗಂಡಿನ ಥರ ಮೆಟ್ಟು ಮೆಟ್ಕೊಂಡು ನಿಂತಿದ್ದೀಯ?”

ತಮಟೆಯನ್ನು ಬೆಂಕಿಗೆ ಹಿಡಿದು ಕಾಯಿಸುತ್ತಿದ್ದ ಚಿಕ್ಕಮುನಿಯಪ್ಪ ಕತ್ತೆತ್ತಿ ನೋಡಿದ. ಬೈದವನು ಮುರಳಿ, ನಮ್ಮೂರ ಪಟೇಲರ ಮೊಮ್ಮಗ, ಆನೇಕಲ್ ರಸ್ತೆಯ ‘ಮಣ್ಣಿನ ಮಡಿಲು’ ರೆಸಾರ್ಟಿನ ಒಡೆಯ. ವಯಸ್ಸಿನಲ್ಲಿ ಚಿಕ್ಕಮುನಿಯಪ್ಪನಿಗೆ ಮಗನಾಗಬಹುದಾದವನು.

“ಬುದ್ದೀ, ನೆಲ ಕಾದೈತೆ. ಕಲ್ಲು ಆಸ್ಸಿದ್ದೀರಲ್ಲ, ಬರಿಗಾಲಲ್ಲಿ ನಿಂತ್ರೆ ಕಾವ್ಲಿ ಮೇಲೆ ನಿಂತಂಗಾಯ್ತದೆ.”

“ಆಗ್ಲಿ. ಕಾಲು ಸುಟ್ರೆ ಇನ್ನೂ ಚೆನ್ನಾಗಿ ಕುಣೀತೀಯ. ಬೋರ್ಡಲ್ಲಿ ಏನು ಬರೆಸಿದೀನಿ? ಅಪ್ಪಟ ಹಳ್ಳಿ ಅಂತ. ಅಪ್ಪಟ ಹಳ್ಳೀಲಿ ನಿಮ್ಮೋರು ನಮ್ಮನೆ ಮುಂದೆ ಚಪ್ಪಲಿ ಹಾಕ್ತಿದ್ರೇನೋ ಮುನಿಯ?”

“ಇಲ್ಲ ಬುದ್ದಿ. ನಮ್ಮಪ್ಪ ತಲೆ ಮೇಲೆ ಇಟ್ಕೊಂಡು ಓಯ್ತಿದ್ದ.”

“ಮತ್ತೆ?”

ಚಪ್ಪಲಿಗಳನ್ನು ಗಿಡದ ಮರೆಗಿಟ್ಟು, ಕಾದ ಹಾಸುಗಲ್ಲಿನ ಮೇಲೆ ನಿಂತು ಚಿಕ್ಕಮುನಿಯಪ್ಪ ತಮಟೆಗೆ ಕೋಲು ಹಾಕಿದ. ಅತಿಥಿಗಳನ್ನು ಅರ್ಘ್ಯಪಾದ್ಯಗಳಿಂದ ಬರಮಾಡಿಕೊಳ್ಳುವುದು ಈ ಮಣ್ಣಿನ ಪರಂಪರೆಯೆಂದು ಬಾಗಿಲಿನ ಫಲಕ ಸಾರುತ್ತಿತ್ತು. ಪಾದ್ಯವು ಬಂದವರ ಪಾದಗಳಿಗೆ, ನೀರುಗುಳ್ಳೆಯು ಬಾರಿಸುವವನ ಪಾದಗಳಿಗೆ. ಬೇಗೆ ತಾಳಲಾರದೆ ಅವನು ಕಾಲು ಬದಲಿಸಿ ಕಾಲೆತ್ತುತ್ತಿದ್ದರೆ, ಫೋನು ಹಿಡಿದಿದ್ದ ಹುಡುಗನೊಬ್ಬ, “ಸಕ್ಕತ್ ಎನರ್ಜಿ ಗುರು ತಾತಂಗೆ!” ಎಂದು ಉದ್ಗರಿಸಿದ.

ಅದೇ ರೆಸಾರ್ಟಿನ ಅಂಗಳದಲ್ಲೊಂದು ಹುಲ್ಲಿನ ಗುಡಿಸಲು. ಅದರ ಒಲೆಯ ಮುಂದೆ ಚಿಕ್ಕಮುನಿಯಪ್ಪನ ಹೆಂಡತಿ ಅಶ್ವತ್ಥಮ್ಮ. ಅವಳು ಕೂತು ರಾಗಿ ಬೀಸುವುದನ್ನೂ ಮುದ್ದೆ ತೊಳಸುವುದನ್ನೂ ಜನ ಸುತ್ತ ನಿಂತು ಚಿತ್ರ ತೆಗೆದುಕೊಳ್ಳುತ್ತಿದ್ದರು. ಆದರೆ ಅವರ ಎಲೆಗೆ ಬೀಳುತ್ತಿದ್ದ ಮುದ್ದೆ ಹಿಂದಿನ ಅಡುಗೆಮನೆಯಲ್ಲಿ ಪೇಟೆಯ ಭಟ್ಟರು ಮಾಡಿದ್ದು. ಅಶ್ವತ್ಥಮ್ಮನ ಮುದ್ದೆ ಸಂಜೆ ರೆಸಾರ್ಟಿನ ಹಸುವಿಗೆ ಸಲ್ಲುತ್ತಿತ್ತು. ಹಸುವಿಗೆ ಆ ವಿಷಯದಲ್ಲಿ ಯಾವ ಆಕ್ಷೇಪಣೆಯೂ ಇರಲಿಲ್ಲ.

ಆ ದಿನ ಬಂದಿದ್ದವರು ಎಲೆಕ್ಟ್ರಾನಿಕ್ ಸಿಟಿಯ ಒಂದು ಕಂಪನಿಯವರು. ಅವರ ಮ್ಯಾನೇಜರ್ ಪದ್ಮಾವತಿ ಒಲೆಯ ಮುಂದೆ ಮಂಡಿಯೂರಿ ಕೂತು, “ಅಮ್ಮ, ಒಂದು ತುತ್ತು ಕೊಡಿ” ಎಂದು ಕೈ ಚಾಚಿಬಿಟ್ಟರು. ಅಶ್ವತ್ಥಮ್ಮ ಬಿಸಿ ಮುದ್ದೆಯ ತಟ್ಟೆಯನ್ನೆತ್ತಿದಳು. ಎಲ್ಲಿದ್ದನೋ ಮುರಳಿ, ಓಡಿ ಬಂದು ತಟ್ಟೆಯನ್ನು ನಡುವೆಯೇ ಹಿಡಿದ.

“ಮೇಡಂ, ಮೇಡಂ, ಅದು ಡೆಮೋ ಪೀಸು. ಹೈಜೀನ್ ಇಶ್ಯೂ ಆಗತ್ತೆ. ನಿಮಗೆ ಒಳಗಡೆ ಸ್ಪೆಷಲ್ಲಾಗಿ ಮಾಡ್ಸಿದೀನಿ ಬನ್ನಿ.”

ಪದ್ಮಾವತಿಯವರ ಕಂಪನಿಯ ವಾರ್ಷಿಕೋತ್ಸವವನ್ನು ತನ್ನಲ್ಲೇ ನಡೆಸಬೇಕೆಂದು ಅವನು ಆರು ತಿಂಗಳಿಂದ ಜಪ ಮಾಡುತ್ತಿದ್ದ.

ಸಂಜೆ ಕೇರಿಯ ಜಗಲಿಯ ಮೇಲೆ ಅಶ್ವತ್ಥಮ್ಮ ಮಗಳನ್ನು ಕೇಳಿದಳು. ಮಗಳು ವೇಣಿ ಅದೇ ಕಂಪನಿಯ ಕಟ್ಟಡದಲ್ಲಿ ಕಸ ಗುಡಿಸಿ ನೆಲ ಒರೆಸುವ ಕೆಲಸದವಳು.

“ಐಜೀನು ಅಂದ್ರೆ ಏನೇ?”

“ಶುಚಿ ಅಂತ ಕಣಮ್ಮ.”

“ಓ! ಮೈಲಿಗೆ ಇಂಗ್ಲೀಷ್ ಕಲ್ತೈತೆ ಅನ್ನು.”

ಪಕ್ಕದ ಬಾಡಿಗೆ ಕೋಣೆಯ ಸಿದ್ದಕ್ಕ ನಕ್ಕಳು. ಕೊಪ್ಪಳದ ಕಡೆಯಿಂದ ಕಟ್ಟಡದ ಕೆಲಸಕ್ಕೆ ಬಂದವಳು. “ಯಕ್ಕಾ, ಆಂವ ನಿನ್ನ ಮುದ್ದಿ ತೋರಿಸಿ ರೊಕ್ಕ ಎಣಸ್ತಾನ, ನಿನ್ನ ಗಂಡನ ಕಾಲ ಸುಟ್ಟು ರೊಕ್ಕ ಎಣಸ್ತಾನ. ನಾವ ಯಾಕ ಮಾಡಬಾರ್ದು ಆ ಧಂದೆ? ನೀ ಮುದ್ದಿ ತೊಳಸು, ನಾ ರೊಟ್ಟಿ ಬಡೀತೀನಿ. ಮಂದಿ ಹೆಂಗ ಉಣ್ಣಂಗಿಲ್ಲ ನೋಡೂಣು!”

“ಜಾಗ?”

“ನಿಮ್ಮ ಮಾವಂದು ತೋಪು ಐತೆಲ್ಲ!”

ಇತ್ತು. ಬಂಡೆಯೆದ್ದ ನೆಲವೆಂದು ಯಾರೂ ಕಸಿದುಕೊಳ್ಳದೆ ಉಳಿದಿದ್ದ ಸರ್ಕಾರ ಕೊಟ್ಟ ಒಂದೆಕರೆ ದರ್ಖಾಸ್ತು ಭೂಮಿ. ಅದರಲ್ಲಿ ಹೊಂಗೆ, ಹುಣಿಸೆ, ಅಂಚಿಗೊಂದು ನೀರಿನ ಕುಂಟೆ. ನಾವು ಕೇರಿಯವರೆಲ್ಲ ಕೂಡಿ ಮುಳ್ಳು ಸವರಿದೆವು, ಕೊಂಬೆಗೆ ಹಗ್ಗದ ಉಯ್ಯಾಲೆ ಕಟ್ಟಿದೆವು, ಮೂರು ಒಲೆ ಹೂಡಿದೆವು. ಅನುಮತಿಗೆಂದು ಅಶ್ವತ್ಥಮ್ಮ ಪಂಚಾಯಿತಿ ಕಚೇರಿಗೆ ಹೋದಾಗ ಗುಮಾಸ್ತ ಆಂಜಿನಪ್ಪ ಕನ್ನಡಕದ ಮೇಲಿನಿಂದ ನೋಡಿದ.

“ಏನಮ್ಮ ನಿನ್ನ ಬಿಸಿನೆಸ್ಸು?”

“ಜನ ಬರೋದು, ಉಣ್ಣೋದು, ಕುಂಟೇಲಿ ಕಾಲು ಇಳಿಬಿಟ್ಕೊಂಡು ಕೂರೋದು, ಉಯ್ಯಾಲೆ ಆಡೋದು, ಓಗೋದು.”

“ಇದಕ್ಕೆ ದುಡ್ಡು ಕೊಡ್ತಾರಾ?”

“ಮುರಳಪ್ಪೋರಿಗೆ ಕೊಡ್ತಾವ್ರಲ್ಲ.”

“ಅವ್ರು ಪಟೇಲ್ರು ಕಣಮ್ಮ. ನಿಮ್ಮ ಕೈಯಡಿಗೆ ಯಾರು ಉಣ್ತಾರೆ?”

“ನಿಮ್ಮುಡುಗ ಉಂಡವ್ನೆ ಸಾಮಿ, ಓದ ಅಮಾಸೆ ದಿನ. ಸಾರಿಗೆ ಇನ್ನೊಂದೆರಡು ತುಂಡು ಆಕಮ್ಮ ಅಂದ. ಜೋರಾಗಿ ಯೋಳ್ಲಾ?”

ಮುದ್ರೆ ಒತ್ತುವುದಕ್ಕೆ ಆಂಜಿನಪ್ಪ ಅಷ್ಟು ತ್ವರೆ ಮಾಡಿದ್ದನ್ನು ಆ ಕಚೇರಿ ಹಿಂದೆಂದೂ ಕಂಡಿರಲಿಲ್ಲ.

ವೇಣಿ ಒಂದು ಮಧ್ಯಾಹ್ನ ನೆಲ ಒರೆಸುತ್ತ ಪದ್ಮಾವತಿಯವರ ಮೇಜಿನ ಬಳಿ ನಿಂತಳು. “ಮೇಡಂ, ಅವತ್ತು ಡೆಮೋ ಪೀಸು ಅಂದ್ರಲ್ಲ, ಅದು ನಮ್ಮಮ್ಮನ ಮುದ್ದೆ. ಅದನ್ನ ನಿಜವಾಗ್ಲೂ ತಿನ್ನಬೋದು. ಭಾನುವಾರ ಬರ್ತೀರಾ?” ಪದ್ಮಾವತಿ ಮೂವತ್ತು ಜನರ ಊಟ ಹೇಳಿದರು.

ಭಾನುವಾರ ಬೆಳಿಗ್ಗೆ ಬಸ್ಸು ಹೆದ್ದಾರಿಯಲ್ಲಿ ನಿಂತಿತು. ಅಲ್ಲಿಂದ ತೋಪಿಗೆ ರೆಸಾರ್ಟಿನ ಪಕ್ಕದಲ್ಲೇ ಹಾಯುವ ಬಂಡಿದಾರಿ; ನಮ್ಮಜ್ಜಂದಿರ ಕಾಲದಿಂದಲೂ ನಾವು ನಡೆದದ್ದು. ಅದಕ್ಕೆ ಅಡ್ಡಲಾಗಿ ಹಿಂದಿನ ದಿನ ಇಲ್ಲದಿದ್ದ ಕಬ್ಬಿಣದ ಗೇಟೊಂದು ನಿಂತಿತ್ತು. ಬಣ್ಣ ಇನ್ನೂ ಅಂಟುತ್ತಿತ್ತು. ಬೀಗದ ಪಕ್ಕ ಕಾವಲುಗಾರ.

“ನಾನೇನ್ ಮಾಡ್ಲಿ ತಾತ, ಒಡೇರು ಯೋಳವ್ರೆ. ಇಲ್ಲಿಂದ ಒಂದು ನಾಯೀನೂ ಬಿಡ್ಬೇಡ ಅಂತ.”

“ನಾಯಿ ಎಂಗೂ ತೂರ್ಕೊಂಡೋಯ್ತದೆ ಬುಡು” ಎಂದ ಚಿಕ್ಕಮುನಿಯಪ್ಪ. ಆದರೆ ಅವನ ದನಿ ಇಳಿದಿತ್ತು. ತೋಪಿನಲ್ಲಿ ಮೂರು ಒಲೆಗಳೂ ಉರಿಯುತ್ತಿದ್ದವು. ಈ ಮೂವತ್ತು ಜನ ಇಲ್ಲಿಂದಲೇ ಹಿಂದಿರುಗಿದರೆ ನಾಳೆ ಮತ್ತೆ ಅವನಿಗೆ ಆ ಕಾದ ಹಾಸುಗಲ್ಲು, ಅಶ್ವತ್ಥಮ್ಮನಿಗೆ ಹಸುವಿನ ಪಾಲಿನ ಮುದ್ದೆ.

“ಇನ್ನೊಂದು ದಾರಿ ಐತಲ್ಲಪ್ಪ, ಊರೊಳಗಿಂದ” ಎಂದಳು ವೇಣಿ.

ಇತ್ತು. ಊರ ನಡುಬೀದಿ, ಅದರ ತುದಿಯಲ್ಲಿ ಪಟೇಲರ ಮನೆ, ಅದರಾಚೆ ಕುಂಟೆಯ ಏರಿ, ಏರಿ ಇಳಿದರೆ ತೋಪು. ಕೇರಿಯ ಹಿರಿಯರು ಆ ಬೀದಿಯನ್ನು ತುಳಿಯುತ್ತಿದ್ದುದು ಅಪರೂಪ. ಸಾವಿನ ತಮಟೆಗೆ ಕರೆ ಬಂದಾಗ ಮಾತ್ರ. ಚಿಕ್ಕಮುನಿಯಪ್ಪ ತಮಟೆಯನ್ನು ಹೆಗಲಿಗೇರಿಸಿದ.

ಮಗಳು ಅತಿಥಿಗಳ ಕಡೆ ತಿರುಗಿ ಕೈ ತಟ್ಟಿದಳು. “ಎಲ್ಲರೂ ಕೇಳಿ! ಇಲ್ಲಿಂದ ಒಂದು ಆಟ. ನಮ್ಮಪ್ಪ ಏನು ಮಾಡ್ತಾರೋ ನೀವೂ ಅದನ್ನೇ ಮಾಡ್ಬೇಕು. ತಪ್ಪಿದ್ರೆ ಔಟು, ಔಟಾದೋರು ಪಾತ್ರೆ ತೊಳೀಬೇಕು!”

ಅವನು ಚರಂಡಿ ಹಾರಿದ. ಮೂವತ್ತು ಜನ ಹಾರಿದರು. ಅವನು ಬೇವಿನ ಕಡ್ಡಿ ಮುರಿದು ಅಗಿದ. ಅವರೂ ಅಗಿದು ಮುಖ ಕಿವಿಚಿದರು. ಅವನು ಕ್ಯಾಕರಿಸಿ ಉಗಿದ. ನರೇಶ್ ಎಂಬ ಹುಡುಗ ಎಲ್ಲರಿಗಿಂತ ದೂರ ಉಗಿದು ಚಪ್ಪಾಳೆ ಗಿಟ್ಟಿಸಿದ. ತಮಟೆಯ ಸದ್ದಿಗೆ ಬೀದಿಯ ಬಾಗಿಲುಗಳು ತೆರೆದುಕೊಂಡವು. ಯಾರು ಸತ್ತರೆಂದು ಕೇಳಲು ಬಂದವರು ಇಸ್ತ್ರಿ ಮಾಡಿದ ಅಂಗಿಗಳ ಮೆರವಣಿಗೆಯನ್ನು ಕಂಡು ಹೊಸಿಲಲ್ಲೇ ನಿಂತರು.

ಪಟೇಲರ ಮನೆ ಬಂತು.

ಅಲ್ಲಿ ನಡೆದದ್ದನ್ನು ಯಾರೂ ಮೊದಲೇ ಹೂಡಿರಲಿಲ್ಲ. ಚಿಕ್ಕಮುನಿಯಪ್ಪನ ಕೈ ಬಾರಿಸುವುದನ್ನು ನಿಲ್ಲಿಸಿತು. ಬೆನ್ನು ತಾನಾಗಿ ಬಾಗಿತು. ಬಲಗಾಲು ಚಪ್ಪಲಿಯಿಂದ ಹೊರಬಂತು, ಎಡಗಾಲು ಹಿಂಬಾಲಿಸಿತು. ಕೈ ಎರಡನ್ನೂ ಎತ್ತಿಕೊಂಡಿತು. ಬಾಲ್ಯದಲ್ಲಿ ಅಪ್ಪನ ಬೆರಳು ಹಿಡಿದು ಕಲಿತ ಪಾಠ. ತಲೆ ಮರೆತರೂ ಕಾಲು ಮರೆತಿರಲಿಲ್ಲ. ತಾನೇನು ಮಾಡಿದೆನೆಂದು ಅವನಿಗೆ ತಿಳಿದದ್ದು ಬೆನ್ನ ಹಿಂದೆ ಸರಸರ ಸದ್ದು ಕೇಳಿದಾಗ. ತಿರುಗಿ ನೋಡಿದರೆ ಮೂವತ್ತು ಜನರೂ ಬಗ್ಗಿ ಲೇಸು ಬಿಚ್ಚುತ್ತಿದ್ದರು. ಮೂವತ್ತು ಜೋಡಿ ಪಾದರಕ್ಷೆಗಳು, ಅವುಗಳಲ್ಲಿ ಕೆಲವು ಚಿಕ್ಕಮುನಿಯಪ್ಪನ ಮನೆಯ ಹೆಂಚುಗಳಿಗಿಂತ ಬೆಲೆಯುಳ್ಳವು, ಪಟೇಲರ ಬಾಗಿಲಿನೆದುರು ಭೂಸಂಬಂಧವನ್ನು ತೊರೆದು ಕೈಗಳನ್ನೇರಿದವು.

ಜೊತೆಗೆ ಬಂದಿದ್ದ ನಮ್ಮ ಮುಖಗಳೆಲ್ಲ ಬಿಳಿಚಿಕೊಂಡವು. ವೇಣಿ ತುಟಿ ಕಚ್ಚಿದಳು.

“ಇದು ಯಾವ ದೇವರ ಗುಡಿ?” ಪದ್ಮಾವತಿ ಮೆಲ್ಲನೆ ಕೇಳಿದರು.

ಚಿಕ್ಕಮುನಿಯಪ್ಪ ಒಮ್ಮೆ ಮನೆಯ ಕಡೆ ನೋಡಿದ, ಒಮ್ಮೆ ತನ್ನ ಕೈಯಲ್ಲಿದ್ದ ಚಪ್ಪಲಿಗಳ ಕಡೆ ನೋಡಿದ. ಅವನ ಮೀಸೆಯ ತುದಿಯಲ್ಲಿ ಏನೋ ಮಿಸುಕಿತು.

“ಬಲು ಸಿಟ್ಟಿನ ದೇವ್ರು ತಾಯಿ” ಎಂದ.

“ಹೌದಾ?”

“ಊಂ. ನಮ್ಮ ಕಾಲಲ್ಲಿ ಚಪ್ಪಲಿ ಕಂಡ್ರೆ ಮೈಮೇಲೆ ಬತ್ತದೆ. ನಮ್ಮಪ್ಪ ಒಂದು ದಪ ಮರ್ತು ಆಕ್ಕಂಡು ಬಂದಿದ್ದ. ಇದೇ ಕಲ್ಲುಕಂಬಕ್ಕೆ ಕಟ್ಟಾಕಿಸ್ತು. ಸಾಯಂಕಾಲದ ಗಂಟ ಬಿಡ್ಲಿಲ್ಲ.”

“ದೇವ್ರು ಕಟ್ಟಾಕ್ತಾ?” ನರೇಶನ ಕಣ್ಣುಗಳು ಅಗಲವಾದವು.

“ಆಳು ಕಾಳು ಇಟ್ಕಂಡಿತ್ತು ಕಣಪ್ಪ, ಅವ್ರು ಕಟ್ಟಾಕುದ್ರು. ಎಡೆ ಅಂದ್ರೆ ಸ್ಯಾನೆ ಪ್ರೀತಿ. ನಮ್ಮ ಕೋಳಿ ತಿಂತು, ಕುರಿ ತಿಂತು, ಕೆರೆ ಕೆಳಗಳ ಗದ್ದೆ ತಿಂತು. ಆದ್ರೆ ನಾವು ಮುಟ್ಟಿದ ನೀರು ಮಾತ್ರ ಕುಡೀಲಿಲ್ಲ. ಮಡಿ.”

ಒಬ್ಬಿಬ್ಬರು ನಕ್ಕರು. ನಗದೆ ಉಳಿದವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹಿಂದಿನ ಸಾಲಿನ ಹುಡುಗಿಯೊಬ್ಬಳು ಕೈಮುಗಿದು ಹೊಸಿಲ ಮೇಲೊಂದು ನಾಣ್ಯವಿಟ್ಟಳು. ಎಡಗೈಯಲ್ಲಿ ಬೂಟು ಹಿಡಿದವರು ಇನ್ನಿಬ್ಬರು ಅವಳನ್ನನುಸರಿಸಿದರು. ಅದೇ ಘಳಿಗೆಗೆ ಬಾಗಿಲು ತೆರೆಯಿತು.

ಕಾಫಿ ಲೋಟ ಹಿಡಿದು, ಹೆಗಲಿಗೆ ಟವೆಲು ಹಾಕಿಕೊಂಡು ಮುರಳಿ ನಿಂತಿದ್ದ. ಅವನ ದೃಷ್ಟಿ ಮೊದಲು ತಮಟೆಯ ಮೇಲೆ ಬಿತ್ತು. “ಯಾವನೋ ಅವನು ಬೆಳಗ್ಗೆ ಬೆಳಗ್ಗೆ, ಸೂಳೆಮಗ—” ಎಂದವನು ಪದ್ಮಾವತಿಯವರನ್ನು ಕಂಡ. ಅವರ ಬರಿಗಾಲು ಕಂಡ. ಕೈಯಲ್ಲಿನ ಚಪ್ಪಲಿ ಕಂಡ.

“ದರ್ಶನ ಆಯ್ತು” ಎಂದ ಚಿಕ್ಕಮುನಿಯಪ್ಪ.

“ಮೇಡಂ! ಅಯ್ಯೋ ಮೇಡಂ, ಇದೇನಿದು? ಹಾಕ್ಕೊಳ್ಳಿ, ದಯವಿಟ್ಟು ಹಾಕ್ಕೊಳ್ಳಿ. ಬೀದಿಯೋರೆಲ್ಲ ನೋಡ್ತಿದ್ದಾರೆ!” ಮುರಳಿ ಮೆಟ್ಟಿಲಿಳಿದು ಬಂದ. ಕಾಫಿ ಅವನ ಪಂಚೆಯ ಮೇಲೆ ತುಳುಕಿತು.

ಪದ್ಮಾವತಿ ಉತ್ತರಿಸುವ ಮೊದಲೇ ನರೇಶ್ ಕೈಯೆತ್ತಿದ. “ಆಗಲ್ಲ ಸಾರ್! ರೂಲ್ಸು. ತಾತ ಹಾಕ್ಕೊಂಡ್ರೆ ನಾವು. ಇಲ್ಲಾಂದ್ರೆ ಔಟು, ಪಾತ್ರೆ ತೊಳೀಬೇಕು.”

ಎಲ್ಲರೂ ಚಿಕ್ಕಮುನಿಯಪ್ಪನನ್ನು ನೋಡಿದರು. ಅವನು ಚಪ್ಪಲಿಗಳನ್ನು ಎದೆಗವಚಿಕೊಂಡು ಆಕಾಶ ನೋಡುತ್ತಿದ್ದ.

“ಹಾಕ್ಕೊಳ್ಳೋ” ಎಂದ ಮುರಳಿ, ಹಲ್ಲು ಕಚ್ಚಿ.

“ಆ?”

“ಹಾಕ್ಕೊಳ್ಳೋ ಮುನಿಯ, ಚಪ್ಪಲಿ.”

“ಕಿವಿ ಒಸಿ ಮಂದ ಬುದ್ದಿ, ತಮಟೆ ಬಡ್ದೂ ಬಡ್ದೂ. ಇನ್ನೊಸಿ ಜೋರಾಗಿ ಅಪ್ಪಣೆ ಆಗ್ಲಿ.”

ಮುರಳಿ ಅತ್ತಿತ್ತ ನೋಡಿದ. ಆರು ತಿಂಗಳ ಜಪವು ಬರಿಗಾಲಲ್ಲಿ ಅವನೆದುರು ಕಾದು ನಿಂತಿತ್ತು.

“ಚಪ್ಪಲಿ ಹಾಕ್ಕೊಳ್ಳಪ್ಪಾ, ಚಿಕ್ಕಮುನಿಯಪ್ಪಾ!”

ಆ ಮನೆಯ ಮೆಟ್ಟಿಲಿನ ಮೇಲೆ ಅವನ ಹೆಸರು ಪೂರ್ತಿಯಾಗಿ ಕೇಳಿದ್ದು ಅದೇ ಮೊದಲು. ಚಿಕ್ಕಮುನಿಯಪ್ಪ ಚಪ್ಪಲಿಗಳನ್ನು ಹೊಸಿಲಿನ ಎದುರಿಗೇ ಇಟ್ಟು, ಧೂಳು ಕೊಡವಿ, ಅವಸರವಿಲ್ಲದೆ ಒಂದೊಂದಾಗಿ ಮೆಟ್ಟಿದ. ಹಿಂದೆ ಮೂವತ್ತು ಜನ ಮೆಟ್ಟಿದರು. ತಮಟೆ ಮತ್ತೆ ಎದ್ದಿತು. ಅದು ಸಾವಿನ ಬಡಿತವಾಗಿರಲಿಲ್ಲ.

ಆ ಮಧ್ಯಾಹ್ನ ತೋಪಿನಲ್ಲಿ ಪದ್ಮಾವತಿ ಮೂರು ಮುದ್ದೆ ಉಂಡರು. ಸಿದ್ದಕ್ಕನ ರೊಟ್ಟಿ ಸಾಲದೆ ಬಂತು. ಮುಂದಿನ ಭಾನುವಾರಕ್ಕೆ ನಲವತ್ತು ಜನರ ಇನ್ನೊಂದು ತಂಡ ಗೊತ್ತಾಯಿತು. ನರೇಶ್ ಹಂಚಿದ ಚಿತ್ರದ ಕೆಳಗೆ ‘ಸಿಟ್ಟಿನ ದೇವರ ದರ್ಶನ ಉಂಟು’ ಎಂದಿತ್ತಂತೆ.

ಆ ಭಾನುವಾರ ಹೆದ್ದಾರಿಗೆ ಬಂದು ನೋಡಿದರೆ ಬಂಡಿದಾರಿಯ ಗೇಟು ಹಾರುಹೊಡೆದಿತ್ತು. ಬೀಗ ಸರಪಳಿಯಲ್ಲಿ ಜೋತಾಡುತ್ತಿತ್ತು. ಕಾವಲುಗಾರ ಕೈಮುಗಿದ.

“ಇಂಗೇ ಓಗಿ ತಾತ. ಇನ್ಮೇಲೆ ಯಾವಾಗ್ಲೂ ಇಂಗೇ ಓಗ್ಬೇಕಂತೆ. ಒಡೇರು ಕೇಳ್ಕಂಡವ್ರೆ, ಬೀದಿ ಕಡೆ ಬ್ಯಾಡ್ವಂತೆ.”

ಪಾತ್ರೆಯ ಗಾಡಿಯೊಂದಿಗೆ ಬಂದಿದ್ದ ಹೆಂಡತಿಯ ಮುಖವನ್ನು ಚಿಕ್ಕಮುನಿಯಪ್ಪ ನೋಡಿದ. ದಾರಿ ಹತ್ತಿರ, ನೆರಳೂ ಇತ್ತು. ನಾವು ಬೇಡಿದ್ದು ಇದನ್ನೇ.

“ಗೇಟು ತಗದಿರ್ಲಿ” ಎಂದಳು ಅಶ್ವತ್ಥಮ್ಮ. “ಪಾತ್ರೆ ಗಾಡಿ ಇಂಗೆ ಬತ್ತದೆ. ಜನ ಅಂಗೆ ಓಗ್ಲಿ.”

ಮತ್ತೆ ಚರಂಡಿ, ಮತ್ತೆ ಬೇವಿನ ಕಡ್ಡಿ, ಮತ್ತೆ ತೆರೆದ ಬಾಗಿಲುಗಳು. ಪಟೇಲರ ಮನೆಯ ಬಾಗಿಲು ಮಾತ್ರ ಮುಚ್ಚಿತ್ತು. ಕಿಟಕಿಯ ಪರದೆ ಒಂದು ಬೆರಳಿನಷ್ಟು ಸರಿದಿತ್ತು. ಆ ಕಲ್ಲುಕಂಬದ ಬಳಿಗೆ ಬಂದಾಗ ತಮಟೆ ತಡವರಿಸಿತು. ಚಿಕ್ಕಮುನಿಯಪ್ಪನ ಬಲಗಾಲಿನ ಹಿಮ್ಮಡಿ ಚಪ್ಪಲಿಯಿಂದ ತಾನಾಗಿ ಮೇಲೆದ್ದಿತು. ಹಿಂದೆ ನಲವತ್ತು ಜನರ ಹಿಮ್ಮಡಿಗಳು ಎದ್ದು, ಗಾಳಿಯಲ್ಲಿ ಕಾದು ನಿಂತವು.

ಅವನು ತನ್ನ ಕಾಲನ್ನೇ ಬಗ್ಗಿ ನೋಡಿದ.

“ಥೂ, ನಿನ್ನ!” ಎಂದು ಅದಕ್ಕೆ ಬೈದು, ಚಪ್ಪಲಿಯೊಳಕ್ಕೆ ಬಲವಾಗಿ ತುರುಕಿ, ಕಂಬದ ಬುಡಕ್ಕೆ ಎರಡು ಸಲ ತಟ್ಟಿ ಭದ್ರಪಡಿಸಿದ. ಹಿಂದಿನಿಂದ ನಲವತ್ತು ಜನರೂ ಒಬ್ಬೊಬ್ಬರಾಗಿ ಬಂದು, ಕಂಬದ ಬುಡಕ್ಕೆ ಎರಡೆರಡು ಸಲ ಕಾಲು ತಟ್ಟಿ ಮುಂದೆ ಹೋದರು.