ತಬಸುಮ ಕಾಣದ ಸುಂಟರಗಾಳಿ

ತಬಸುಮ ಅವರು ಮಾತನಾಡುವಾಗ ಎದುರಿಗಿದ್ದವರ ಮುಖ ನೋಡುವುದಿಲ್ಲ. ಅವರ ಹೆಗಲಿನಾಚೆಗಿನ ಆಕಾಶವನ್ನು ನೋಡುತ್ತಾರೆ. ಇದನ್ನು ಅಹಂಕಾರವೆಂದು ಬಗೆದು ಮುನಿಸಿಕೊಂಡವರು ಅವರ ಊರಾದ ಇಳಕಲ್ಲಿನಲ್ಲಿ ಹಲವರಿದ್ದಾರೆ. ತಂಗಿ ಫರಹಾನಾಳ ನಿಕಾಹದ ಹಿಂದಿನ ದಿನ, ಮಳೆ ಬಂದೀತೇ ಎಂದು ಕೇಳಿದ ಪಕ್ಕದ ಮನೆಯ ನೇಕಾರರ ಶಿವಲಿಂಗವ್ವನಿಗೆ, "ಹತ್ತರಾಗ ಮೂರು ಪಾಲು ಬರಬಹುದ್ರಿ" ಎಂದರಂತೆ.

"ಇಷ್ಟು ಓದಿ ಹೌದು ಅಲ್ಲ ಅನ್ನಾಕ ಬರೂದಿಲ್ಲೇನವಾ ನಿನಗ?" ಎಂದಳಂತೆ ಶಿವಲಿಂಗವ್ವ.

ಹವಾಮಾನ ವಿಜ್ಞಾನಿಯಾಗಿ ಅವರು ಆರಿಸಿಕೊಂಡ ವಿಷಯವೇ ಅಂಥದ್ದು: ನಾಲ್ಕೈದು ನಿಮಿಷ ಬದುಕಿ, ಅರ್ಧ ಹರದಾರಿ ನಡೆದು, ಹೇಳಹೆಸರಿಲ್ಲದೆ ಅಳಿದುಹೋಗುವ ಸುಂಟರಗಾಳಿ. ಪುಣೆಯ ಕಚೇರಿಯಿಂದ ಪ್ರತಿ ಬೇಸಿಗೆಗೆ ಬಂದು, ಚಾಲಕ ಮುನಾಫನ ಜೀಪಿನಲ್ಲಿ ಬಾದಾಮಿಯಿಂದ ಹುನಗುಂದದವರೆಗೆ ಮೋಡಗಳ ಬೆನ್ನು ಹತ್ತುತ್ತಿದ್ದರು. ಬಹುತೇಕ ಎಲ್ಲ ಮುಗಿದ ಮೇಲೆಯೇ ತಲುಪುತ್ತಿದ್ದರು. ಮರಗಳು ಒಂದೇ ದಿಕ್ಕಿಗೆ ಬಿದ್ದಿದ್ದರೆ ಬರಿಯ ಬಿರುಗಾಳಿ. ಸುತ್ತುಗಟ್ಟಿದಂತೆ ಬಿದ್ದಿದ್ದರೆ ಸುಂಟರಗಾಳಿ. ಕಮತಗಿಯಲ್ಲಿ ಮನೆಯ ತಗಡು ಕಳೆದುಕೊಂಡ ಮುದುಕಿಯೊಬ್ಬಳನ್ನು, ಅದು ಯಾವ ಕಡೆಗೆ ಹಾರಿತೆಂದು ಕೇಳಿ ಬೈಸಿಕೊಂಡದ್ದೂ ಉಂಟು. ಬೈಗುಳ ಮುಗಿಯುವವರೆಗೆ ನಿಂತಿದ್ದು, ಮತ್ತೆ ಅದನ್ನೇ ಕೇಳಿದರು. ಹೀಗೆ ಇಪ್ಪತ್ತೆರಡು ಬೇಸಿಗೆಗಳು ಕಳೆದರೂ, ನೆಲ ಮುಟ್ಟಿದ ಸುಂಟರಗಾಳಿಯನ್ನು ಅವರು ಕಣ್ಣಾರೆ ಕಂಡಿರಲಿಲ್ಲ.

ಎರಡು ವರ್ಷದ ಹಿಂದೆ, ಮೇ ತಿಂಗಳ ಮಧ್ಯಾಹ್ನ, ಶಿರೂರಿನ ಬಳಿ ಮೋಡದ ತಳ ತಿರುಗುತ್ತ ಕೆಳಗಿಳಿಯತೊಡಗಿತು. ಮುನಾಫ ಜೀಪು ನಿಲ್ಲಿಸಿದ. ತಬಸುಮ ರಸ್ತೆಯಂಚಿಗೆ ಕ್ಯಾಮೆರಾ ನಿಲ್ಲಿಸಿ, ತಿರುಪನ್ನು ಎರಡು ಬಾರಿ ಬಿಗಿದರು. ಆಗಲೇ ಹೊಲದ ತಗಡಿನ ಶೆಡ್ಡಿನಲ್ಲಿ ಈರುಳ್ಳಿ ಹಸನು ಮಾಡುತ್ತಿದ್ದ ಹತ್ತು ಹನ್ನೆರಡು ಹೆಂಗಸರು ಕಣ್ಣಿಗೆ ಬಿದ್ದರು. ಕ್ಯಾಮೆರಾ ಅಲ್ಲೇ ಬಿಟ್ಟು ಓಡಿದರು.

"ಹೊರಗ ಬರ್ರಿ! ಹಳ್ಳಕ್ಕ ಇಳೀರಿ!"

"ಮುಚ್ಚದ ಬಂದ್ರ ಮಳಿಗೆ ಉಳ್ಳಾಗಡ್ಡಿ ತೊಯ್ತಾವಲ್ರಿ ಯವ್ವಾ," ಎಂದಳು ಅವರ ಪೈಕಿ ಹಿರಿಯಳಾದ ರಂಗವ್ವ, ಕೂತಲ್ಲಿಂದ ಏಳದೆ.

"ತೊಯ್ಲಿ ಬಿಡ್ರಿ. ಈ ತಗಡಿನ ಪತ್ರಾ ಹಾರಿ ಬಂದ್ರ ಕುತ್ತಿಗಿ ಉಳಿಯೂದಿಲ್ಲ!"

ಅಂದು ಅವರ ಮಾತಿನಲ್ಲಿ 'ಬಹುದು' ಇರಲಿಲ್ಲ. ಹೆಂಗಸರು ಎದ್ದು ಓಡಿ ಒಣಹಳ್ಳದ ಮರಳಿನಲ್ಲಿ ಬೋರಲಾಗಿ ಮಲಗಿದರು. ಕಾಲೆಳೆಯುತ್ತ ಬಂದ ರಂಗವ್ವನ ತಲೆಯನ್ನು ತಬಸುಮ ತಮ್ಮ ಎದೆಯ ಕೆಳಗೆ ಅವುಚಿಕೊಂಡರು. ಭೋರ್ಗರೆಯುವ ಸದ್ದು ಮೇಲಿಂದ ಹಾದುಹೋಯಿತು. ಮುಖವೆತ್ತಿದಾಗ ಶೆಡ್ಡು ಇರಲಿಲ್ಲ, ಹೆಂಗಸರೆಲ್ಲರೂ ಇದ್ದರು. ಕ್ಯಾಮೆರಾ ಕವುಚಿ ಬಿದ್ದು, ಎರೆಮಣ್ಣಿನ ಚಿತ್ರ ಹಿಡಿದಿತ್ತು.

ರಸ್ತೆಬದಿಯ ತಗ್ಗಿನಲ್ಲಿ ಮಲಗಿದ್ದ ಮುನಾಫ ಮಾತ್ರ ತಲೆಯೆತ್ತಿ ಎಲ್ಲವನ್ನೂ ನೋಡಿದ್ದ. ತಬಸುಮ ಮೈಮೇಲಿನ ಮರಳನ್ನೂ ಕೊಡವದೆ ಅವನ ಮುಂದೆ ಪುಸ್ತಕ ತೆರೆದು ಕೂತರು. ಎಷ್ಟು ಅಗಲ? ಬಣ್ಣ? ಯಾವ ಕಡೆಗೆ ತಿರುಗಿತು? ಮುನಾಫ ಗಾಳಿಯಲ್ಲಿ ಬೆರಳಾಡಿಸಿ ತೋರಿಸುತ್ತ, ನಡುವೆ ತಡೆದು, "ನೀವ ನೋಡಬೇಕಾಗಿತ್ರಿ ಮೇಡಮ್ಮಾರ" ಎಂದ. ಅವರು ಬರೆಯುವುದನ್ನು ನಿಲ್ಲಿಸಿ ಅರೆಗಳಿಗೆ ಹೊಲದತ್ತ ನೋಡಿದರು. "ಖರೆ. ಮುಂದ ಹೇಳು," ಎಂದರು.

ಮರುವರ್ಷ ಅಚ್ಚಾದ ಪ್ರಬಂಧದಲ್ಲಿ ಪ್ರತ್ಯಕ್ಷದರ್ಶಿಯೆಂದು ಮುನಾಫನ ಹೆಸರಿದೆ. ಕೆಳಗೆ, 'ಲೇಖಕಿ ನೋಡಿಲ್ಲ' ಎಂಬ ಒಂದು ಸಾಲು.

ಒಂದೇ ಒಂದು ನೋಟಕ್ಕಾಗಿ ಆಯುಷ್ಯ ಸವೆಸುವವರಿಗೆ ಜನದ ಪರಿವೆ ಇರುವುದಿಲ್ಲವೆಂದು ನಾವು ಸುಲಭವಾಗಿ ಹೇಳಿಬಿಡುತ್ತೇವೆ. ಆದರೆ ಬಿದ್ದದ್ದನ್ನು ವರ್ಷಗಟ್ಟಲೆ ಅಳೆದವರಿಗೇ, ಇನ್ನೂ ಬೀಳದಿರುವುದು ಎಲ್ಲರಿಗಿಂತ ಮೊದಲು ಕಾಣುತ್ತದೆ.