ಸೊಂಟ ನಲವತ್ತಾರು

ಟೈಲರ್ ಅಳತೆ ತೆಗೆದರೆ ಇಡೀ ಬೀದಿಗೆ ಗೊತ್ತಾಗುತ್ತಿತ್ತು. ಟೇಪು ಹಿಡಿದು ಅವನು ಗಂಟಲು ಹರಿಯುವಂತೆ ಕೂಗಬೇಕು, ಮೂಲೆಯ ಮೇಜಿನ ಮುಂದೆ ಕೂತ ಹೆಂಡತಿ ಪುಸ್ತಕದಲ್ಲಿ ಬರೆದುಕೊಳ್ಳಬೇಕು. ಎರಡು ವರ್ಷದಿಂದ ಅವಳ ಕಿವಿ ಮಂದವಾಗಿತ್ತು. "ಯಾರ ಹತ್ರಾನಾದ್ರೂ ಬಾಯಿ ಬಿಟ್ಟೀರಾ, ನೋಡಿ!" ಎಂದು ಗಂಡನಿಂದ ಆಣೆ ಹಾಕಿಸಿಕೊಂಡಿದ್ದಳು. ಕೇಳಿಸದ ಮಾತಿಗೆಲ್ಲ ನಕ್ಕು ತಲೆಯಾಡಿಸುವುದು ಅವಳ ಉಪಾಯ. ಜಗತ್ತಿನ ಮುಕ್ಕಾಲು ಮಾತಿಗೆ ಅಷ್ಟು ಸಾಕೂ ಸಾಕು.

ಗ್ರಹಚಾರ ಬಂದದ್ದು ಹೆಡ್‌ಮಿಸ್ಟ್ರೆಸ್ ಕೋಟು ಹೊಲಿಸಲು ಬಂದ ದಿನ. ಟೈಲರ್ ಎಂದಿನಂತೆ ಕೂಗಿದ: "ಸೊಂಟ ನಲವತ್ತಾರು! ಹೋದ್ಸಲಕ್ಕಿಂತ ನಾಲ್ಕಿಂಚು ಜಾಸ್ತಿ!" ಹೆಂಡತಿ ನಕ್ಕು ತಲೆಯಾಡಿಸಿದಳು. ಹಿಂದೆ ನಿಂತಿದ್ದ ಯಾರೋ ಪುಣ್ಯಾತ್ಮ ಅದನ್ನು ಫೋನಿನಲ್ಲಿ ಹಿಡಿದು ಊರಿಗೆಲ್ಲ ಹಂಚಿದ.

ಮೂರೇ ದಿನದಲ್ಲಿ ಆರು ಲಕ್ಷ ಜನ ನೋಡಿದರು. ಹೆಂಗಸರ ಮರ್ಯಾದೆ ತೆಗೆಯುವವನು, ಅಂಗಡಿ ಮುಚ್ಚಿಸಿ ಎಂದರು. ಹಲ್ಲು ಕಿಸಿದ ಹೆಂಡತಿಯನ್ನೂ ಬಿಡಲಿಲ್ಲ. ಸೂಜಿಗೆ ದಾರ ಪೋಣಿಸಲು ಬಾರದವರೆಲ್ಲ ಅವನ ಹೊಲಿಗೆ ಸರಿಯಿಲ್ಲವೆಂದು ಬರೆದರು. ಮಾಮೂಲಿ ಗಿರಾಕಿಗಳು ಎದುರಿನ ಫುಟ್‌ಪಾತ್ ಹಿಡಿದು ನಡೆಯತೊಡಗಿದರು. ಒಂದೇ ಮಾತು ಹೇಳಿದ್ದರೆ ಎಲ್ಲರ ಬಾಯಿ ಮುಚ್ಚುತ್ತಿತ್ತು. ಅದೊಂದನ್ನೇ ಅವನು ಹೇಳುವಂತಿರಲಿಲ್ಲ. ಬೈಗುಳಗಳನ್ನು ಹೆಬ್ಬೆರಳಿನಲ್ಲಿ ಮುಚ್ಚಿ ಹೆಂಡತಿಗೆ ವಿಡಿಯೋ ತೋರಿಸಿದ. "ಚೆನ್ನಾಗಿ ಬಂದಿದೀರಿ, ಶರ್ಟಿಗೆ ಮಾತ್ರ ಇಸ್ತ್ರಿ ಇಲ್ಲ" ಎಂದಳು.

ನಾಲ್ಕನೆಯ ದಿನ ಹೆಡ್‌ಮಿಸ್ಟ್ರೆಸ್ ಬಂದರು.

"ನನ್ನ ಬಟ್ಟೆ ವಾಪಸ್ ಕೊಡಿ. ಸ್ಕೂಲಲ್ಲಿ ಮಕ್ಕಳು ಬೆನ್ನ ಹಿಂದೆ ನನ್ನ 'ನಲವತ್ತಾರು' ಅಂತ ಕರೀತಾರೆ." ಆಮೇಲೆ ಹೆಂಡತಿಯ ಕಡೆ ತಿರುಗಿ, ತಗ್ಗಿದ ದನಿಯಲ್ಲಿ ಕೇಳಿದರು: "ನನ್ನ ನೋಡಿ ನಕ್ಕಿದ್ರಲ್ಲ, ಖುಷಿಯಾಯ್ತಾ?"

ಹೆಂಡತಿ ನಕ್ಕು ತಲೆಯಾಡಿಸಿದಳು.

ಟೈಲರ್ ಎರಡೂ ಕೈ ಮುಗಿದು ಬಾಗಿದ. "ಅವಳನ್ನ ಏನೂ ಅನ್ಬೇಡಿ ಮೇಡಂ. ತಪ್ಪೆಲ್ಲ ನಂದು, ನನ್ನ ನಾಲಿಗೇದು."

ಯಾರ ಮುಂದೂ ತಲೆ ತಗ್ಗಿಸದ ಗಂಡ ಹೀಗೆ ಕೈ ಮುಗಿದದ್ದನ್ನು ಅವಳು ಮೂವತ್ತು ವರ್ಷದಲ್ಲಿ ಕಂಡಿರಲಿಲ್ಲ. ನಗು ಅಲ್ಲೇ ನಿಂತಿತು. "ಏನ್ರೀ ಇದು? ನಾನು ಯಾವುದಕ್ಕೆ ಹೂಂ ಅಂದೆ?"

"ನನ್ನ ಸೊಂಟ ನೋಡಿ ನಕ್ಕಿದ್ದಕ್ಕೆ!" ಹೆಡ್‌ಮಿಸ್ಟ್ರೆಸ್ ಕಿರುಚಿದರು. ಅದು ಕೇಳಿಸಿತು.

ಅವಳು ಎದ್ದು ನಿಂತಳು. ಮುಖ ಕೆಂಪಾಗಿತ್ತು. "ಮೇಡಂ, ನನಗೆ ಕಿವಿ ಕೇಳಿಸಲ್ಲ. ಎರಡು ವರ್ಷ ಆಯ್ತು. ಇವರು ಕೂಗೋದು ನನಗೋಸ್ಕರ. ಯಾರಿಗೂ ಹೇಳ್ಬೇಡಿ ಅಂತ ಬಾಯಿ ಕಟ್ಟಿದ್ದೂ ನಾನೇ."

ಆರು ಲಕ್ಷ ಜನ ಉಗಿದಾಗ ಬಾರದ ಅಳು ಟೈಲರ್‌ಗೆ ಈಗ ಬಂತು.

ಹೆಡ್‌ಮಿಸ್ಟ್ರೆಸ್ ಅವನ ಕೊರಳಲ್ಲಿದ್ದ ಟೇಪು ಎಳೆದುಕೊಂಡು ತಾವೇ ಸೊಂಟಕ್ಕೆ ಸುತ್ತಿ, ಐನೂರು ಮಕ್ಕಳನ್ನು ತೆಪ್ಪಗಾಗಿಸುವ ದನಿಯಲ್ಲಿ ಕೂಗಿದರು: "ನಲವತ್ತೇಳು! ಬರ್ಕೊಳ್ಳಿ!"

ಎದುರಿನ ಫುಟ್‌ಪಾತಿನವರೆಲ್ಲ ನಿಂತು ನೋಡಿದರು. ಹೆಂಡತಿ ಬರೆದುಕೊಂಡು ತಲೆಯೆತ್ತಿದಳು.

"ಸ್ವಲ್ಪ ಮೆಲ್ಲಗೆ ಮೇಡಂ. ಕಿವುಡು ನನಗೆ, ಬೀದಿಗಲ್ಲ."